ಏಪ್ರಿಲ್ 14ಕ್ಕೆ ಹಾರ ಹಾಕಿ ಆಯಿತು, ಮುಂದೇನು?

ಪ್ರಶ್ನೆ: ನಾನು ಡೊಂಬಿವಲಿಯ ಒಂದು ಚಿಕ್ಕ ಕನ್ನಡ ಸಂಘದ ಕಾರ್ಯಕಾರಿ ಸಮಿತಿಯಲ್ಲಿದ್ದೇನೆ. ಪ್ರತಿ ವರ್ಷ ಅಂಬೇಡ್ಕರ್ ಜಯಂತಿ ಮಾಡುತ್ತೇವೆ. ಫೋಟೋಗೆ ಹಾರ, ದೀಪ, ಅತಿಥಿಗಳ ಭಾಷಣ, ಉಪ್ಪಿಟ್ಟು, ಶಿರಾ, ಮನೆಗೆ. ಈ ಸಲ ಏಳನೇ ಕ್ಲಾಸಿನ ಮಗನನ್ನು ಕರೆದರೆ "ರಜೆ ಸಿಕ್ಕಿತಲ್ಲ, ಅಷ್ಟು ಸಾಲದಾ?" ಎಂದ. ಸಂಘದಲ್ಲಿ ಕೆಲವರು "ಅದನ್ನು ಅವರ ಸಮಾಜದವರು ಮಾಡಿಕೊಳ್ಳುತ್ತಾರೆ, ನಮಗ್ಯಾಕೆ" ಎನ್ನುತ್ತಾರೆ. ಅಂಬೇಡ್ಕರ್ ಅವರನ್ನು ನಿಜವಾಗಿ ಓದಬೇಕು ಅಂದರೆ ಎಲ್ಲಿಂದ ಶುರು ಮಾಡಬೇಕು? ಅವರಿಗೂ ಕನ್ನಡದವರಾದ ನಮಗೂ ಏನಾದರೂ ಸಂಬಂಧ ಇದೆಯೇ?

ಉತ್ತರ: ನಿಮ್ಮ ಮಗನಿಗೆ ಬೈಯಬೇಡಿ. ಅವನು ಹೇಳಿದ ಮಾತನ್ನೇ ಹೆಚ್ಚು ಕಡಿಮೆ ಅಂಬೇಡ್ಕರ್ ಕೂಡ ಹೇಳಿಕೊಂಡಿದ್ದಾರೆ, ಅದೂ ತುಂಬಿದ ಸಭೆಯಲ್ಲಿ.

1943ರ ಜನವರಿ 18. ಪುಣೆಯ ಗೋಖಲೆ ಸ್ಮಾರಕ ಸಭಾಂಗಣ. ಸಮಾಜ ಸುಧಾರಕ ನ್ಯಾಯಮೂರ್ತಿ ಮಹಾದೇವ ಗೋವಿಂದ ರಾನಡೆ ಅವರ 101ನೇ ಜಯಂತಿಗೆ ಡೆಕ್ಕನ್ ಸಭಾ ಎಂಬ ಸಂಸ್ಥೆಯವರು ಅಂಬೇಡ್ಕರ್ ಅವರನ್ನು ಭಾಷಣಕ್ಕೆ ಕರೆದಿದ್ದರು. ಅಲ್ಲಿ ಅವರು ಮೊದಲಿಗೆ ಹೇಳಿದ್ದು ಏನು ಗೊತ್ತಾ? ನಾನು ರಾನಡೆಯವರನ್ನು ನೋಡಿಯೇ ಇಲ್ಲ. 1901ರಲ್ಲಿ ಸಾತಾರಾದ ಹೈಸ್ಕೂಲಿನಲ್ಲಿ ಮೊದಲನೇ ತರಗತಿಯಲ್ಲಿದ್ದೆ, ಒಂದು ದಿನ ಶಾಲೆಗೆ ರಜೆ ಕೊಟ್ಟರು, ಯಾಕೆಂದು ಕೇಳಿದರೆ ರಾನಡೆ ತೀರಿಕೊಂಡರು ಅಂದರು, ಅವರು ಯಾರು, ಏನು ಮಾಡಿದರು ಎಂಬುದು ನಮಗೆ ಗೊತ್ತಿರಲಿಲ್ಲ, ಬೇರೆ ಹುಡುಗರ ಹಾಗೆ ನಾನೂ ರಜೆ ಸಿಕ್ಕಿತೆಂದು ಖುಷಿಪಟ್ಟೆ. ಮಾತು ನನ್ನದು, ಸಾರ ಅವರದು.

ಎಷ್ಟು ಚೆನ್ನಾಗಿದೆ ಅಲ್ವಾ? ಜಯಂತಿಯ ಅತಿಥಿ ಎದ್ದು ನಿಂತು, ಈ ಮಹಾನುಭಾವರು ಸತ್ತ ದಿನ ನಾನು ಆಟ ಆಡಿಕೊಂಡಿದ್ದೆ ಅನ್ನುತ್ತಾನೆ. ಆಮೇಲೆ ಇನ್ನೊಂದು ನೆನಪು ಹೇಳುತ್ತಾರೆ. 1892ರಲ್ಲಿ ಬ್ರಿಟಿಷ್ ಸರ್ಕಾರ ಮಹಾರರನ್ನು (ಅಂಬೇಡ್ಕರ್ ಹುಟ್ಟಿದ, ಆಗ ಅಸ್ಪೃಶ್ಯ ಎನ್ನುತ್ತಿದ್ದ ಜಾತಿಯವರನ್ನು) ಸೈನ್ಯಕ್ಕೆ ಸೇರಿಸಿಕೊಳ್ಳುವುದನ್ನು ನಿಲ್ಲಿಸಿತ್ತು. ಅದರ ವಿರುದ್ಧ ಬರೆದ ಮನವಿಯ ಪ್ರತಿಯೊಂದು ತಂದೆಯ ಹಳೆಯ ಕಾಗದಗಳಲ್ಲಿ ಅವರಿಗೆ ಸಿಕ್ಕಿತು, ವಿಚಾರಿಸಿದರೆ ಅದನ್ನು ಬರೆದುಕೊಟ್ಟವರು ರಾನಡೆ. ರಜೆಯಿಂದ ಕಾಗದಕ್ಕೆ ಬಂದರು ನೋಡಿ. ನಿಮ್ಮ ಸಂಘ ಮಾಡಬೇಕಾದ ಕೆಲಸವೂ ಇಷ್ಟೇ ಅಂತ ನನಗೆ ಅನಿಸುತ್ತದೆ.

ಅದೇ ಭಾಷಣದಲ್ಲಿ ಮುಂದೆ ಅವರು ಒಂದು ತುಂಟ ಪ್ರಶ್ನೆ ಎತ್ತುತ್ತಾರೆ. ರಾನಡೆ ನಿಜಕ್ಕೂ ದೊಡ್ಡ ಮನುಷ್ಯರೇ? ದೊಡ್ಡ ಮನುಷ್ಯ ಅಂದರೆ ಯಾರು? ಬುದ್ಧಿ ಇದ್ದರೆ ಸಾಲದು, ಪ್ರಾಮಾಣಿಕತೆ ಇದ್ದರೂ ಸಾಲದು, ಸಮಾಜದ ಕೆಲಸಕ್ಕಾಗಿ ಒಳಗೆ ಒಂದು ಕಿಚ್ಚು ಇರಬೇಕು, ಅವನು ಸಮಾಜಕ್ಕೆ ಚಾಟಿಯೂ ಆಗಬೇಕು, ಕಸ ಗುಡಿಸುವವನೂ ಆಗಬೇಕು ಎಂದು ಅಳತೆ ಹಾಕುತ್ತಾರೆ. ಆ ಅಳತೆಗೆ ರಾನಡೆಯವರನ್ನು ನಿಲ್ಲಿಸಿ ನೋಡಿ, ಹೌದು, ದೊಡ್ಡವರು ಎಂದು ಒಪ್ಪುತ್ತಾರೆ. ಅವರ ಲಿಬರಲ್ ಪಕ್ಷ ಜನರ ಹತ್ತಿರ ಹೋಗಲಿಲ್ಲ, ಅದಕ್ಕೆ ಸಂಘಟನೆಯೇ ಇರಲಿಲ್ಲ ಎಂಬುದನ್ನೂ ಮುಚ್ಚಿಡುವುದಿಲ್ಲ. ಹೊಗಳಿಕೆಗೆ ಕರೆದವರಿಗೆ ಮುಜುಗರ ಆಗಿರಬಹುದು. ಆದರೆ ಒಬ್ಬರ ಜಯಂತಿ ಹೇಗೆ ಮಾಡಬೇಕು ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಪಾಠ ನಾನು ಓದಿಲ್ಲ, ಮತ್ತು ಅದನ್ನು ಕೊಟ್ಟವರೇ ಈಗ ನಮ್ಮ ಫೋಟೋದಲ್ಲಿದ್ದಾರೆ. 1949ರ ನವೆಂಬರ್ 25ರಂದು ಸಂವಿಧಾನ ಸಭೆಯಲ್ಲಿ ರಾಜಕೀಯದ ಭಕ್ತಿ ಸರ್ವಾಧಿಕಾರಕ್ಕೆ ದಾರಿ ಎಂದು ಎಚ್ಚರಿಸಿದ್ದನ್ನು ಈಗ ಬ್ಯಾನರ್ ಮೇಲೆ ಹಾಕುತ್ತಾರೆ. ಅವರದೇ ದೊಡ್ಡ ಫೋಟೋದ ಕೆಳಗೆ!

ಹಾಗಂತ ಹಾರ ಹಾಕಬೇಡಿ ಅಂತಲ್ಲ. ನಾನೂ ಮೊದಲು ಹಾರ, ಮೆರವಣಿಗೆ ಎಂದರೆ ಮೂಗು ಮುರಿಯುತ್ತಿದ್ದೆ, ಇತಿಹಾಸ ಪಾಠ ಮಾಡುವವರಿಗೆ ಆ ಕಾಯಿಲೆ ಇರುತ್ತದೆ. ಅದು ಬಿಟ್ಟಿದ್ದು ದಾದರ್‌ನಲ್ಲಿ. ಡಿಸೆಂಬರ್ 6ರಂದು ಚೈತ್ಯಭೂಮಿಗೆ ಬಂದ ಜನರನ್ನು ಒಮ್ಮೆ ನೋಡಿ. 1956ರಲ್ಲಿ ಅಂಬೇಡ್ಕರ್ ದಿಲ್ಲಿಯಲ್ಲಿ ತೀರಿಕೊಂಡ ದಿನ ಅದು. ಮರುದಿನ ಇಲ್ಲೇ ದಾದರ್ ಕಡಲ ದಂಡೆಯಲ್ಲಿ ಅಂತ್ಯಕ್ರಿಯೆ ಆಯಿತು, ಚೈತ್ಯಭೂಮಿ ಇರುವುದು ಆ ಜಾಗದಲ್ಲೇ. ವಿದರ್ಭ, ಮರಾಠವಾಡಾ, ನಮ್ಮ ಬೀದರ್, ಕಲಬುರಗಿ ಕಡೆಯಿಂದಲೂ ಜನ ಬರುತ್ತಾರೆ. ಗಂಟೆಗಟ್ಟಲೆ ಸಾಲಿನಲ್ಲಿ ನಿಂತು ಕೈಮುಗಿಯುತ್ತಾರೆ. ಆಮೇಲೆ ಅವರು ಹೋಗುವುದು ಎಲ್ಲಿಗೆ? ಶಿವಾಜಿ ಪಾರ್ಕಿನ ಪುಸ್ತಕದ ಅಂಗಡಿಗಳಿಗೆ. ಒಮ್ಮೆ ಒಬ್ಬ ಅಜ್ಜಿ ಸೆರಗಿನ ಗಂಟು ಬಿಚ್ಚಿ ದುಡ್ಡು ಎಣಿಸಿ ಮೊಮ್ಮಗಳಿಗೆ ಎರಡು ತೆಳು ಪುಸ್ತಕ ಕೊಡಿಸಿದ್ದನ್ನು ನಾನು ಪಕ್ಕದಲ್ಲೇ ನಿಂತು ನೋಡಿದೆ. ಅಜ್ಜಿಗೆ ಓದು ಬರುತ್ತಿರಲಿಲ್ಲ, ಹೆಸರನ್ನು ಹುಡುಗಿ ಓದಿ ಹೇಳುತ್ತಿದ್ದಳು. ಕೈಮುಗಿಯುವವರು ಓದುವುದಿಲ್ಲ ಎನ್ನುವ ನಮ್ಮ ಲೆಕ್ಕ ಅಲ್ಲಿ ಸುಳ್ಳಾಗುತ್ತದೆ. ನಮ್ಮ ಸಂಘಗಳಲ್ಲಿ ಹಾರ ಇದೆ, ಪುಸ್ತಕದ ಅಂಗಡಿ ಇಲ್ಲ. ತೊಂದರೆ ಅಲ್ಲಿದೆ.

ಸರಿ, ಓದು. ದೊಡ್ಡ ದೊಡ್ಡ ಸಂಪುಟ ನೋಡಿದರೆ ಯಾರಿಗೂ ಹೆದರಿಕೆ ಆಗುತ್ತದೆ. ಮಹಾರಾಷ್ಟ್ರ ಸರ್ಕಾರ 1979ರಿಂದ ಅವರ ಬರಹ, ಭಾಷಣಗಳನ್ನು ಇಂಗ್ಲಿಷಿನಲ್ಲಿ ತರುತ್ತಾ ಬಂತು, ಮೊದಲ ಸಂಪುಟಗಳನ್ನು ಕಷ್ಟಪಟ್ಟು ಸಂಪಾದಿಸಿದವರು ವಸಂತ ಮೂನ್. ಕರ್ನಾಟಕ ಸರ್ಕಾರದ ಕಡೆಯಿಂದ ಕನ್ನಡದಲ್ಲೂ ಸಂಪುಟಗಳು ಬಂದಿವೆ. ಅವನ್ನು ತರಿಸಿ ಕಪಾಟಿನಲ್ಲಿ ಇಡಿ, ಆದರೆ ಒಂದನೇ ಪುಟದಿಂದ ಶುರು ಮಾಡಬೇಡಿ, ಎರಡು ವಾರದಲ್ಲಿ ಎಲ್ಲರೂ ಓಡಿಹೋಗುತ್ತಾರೆ.

ಮಕ್ಕಳ ಜೊತೆ ಶುರು ಮಾಡುವುದಾದರೆ 'ವೇಟಿಂಗ್ ಫಾರ್ ಎ ವೀಸಾ' ಎಂಬ ಸಣ್ಣ ಆತ್ಮಕಥನ. ಒಂದು ಸಂಜೆಯಲ್ಲಿ ಓದಿ ಮುಗಿಸಬಹುದು. ಅದರ ಮೊದಲ ಘಟನೆ 1901ರದು, ಅಂದರೆ ರಾನಡೆ ಸತ್ತ ವರ್ಷದ್ದೇ. ತಾಯಿ ಇಲ್ಲದ ಮಕ್ಕಳು, ತಂದೆಗೆ ಗೋರೇಗಾಂವ್‌ನಲ್ಲಿ ಕ್ಯಾಶಿಯರ್ ಕೆಲಸ. (ನಮ್ಮ ವೆಸ್ಟರ್ನ್ ಲೈನಿನ ಗೋರೇಗಾಂವ್ ಅಲ್ಲ, ಸಾತಾರಾ ಕಡೆಯ ಖಟಾವ್ ತಾಲೂಕಿನದು. ಒಬ್ಬರು ವೇದಿಕೆ ಮೇಲೆ ಲೋಕಲ್ ಟ್ರೇನ್ ಕಥೆ ಕಟ್ಟಿದ್ದನ್ನು ನಾನು ಕೇಳಿದ್ದೇನೆ.) ರಜೆಗೆ ಬನ್ನಿ ಎಂದು ತಂದೆ ಬರೆದಿದ್ದಾರೆ. ಭೀಮರಾವ್, ಅಣ್ಣ, ಅಕ್ಕನ ಮಕ್ಕಳು ಹೊಸ ಅಂಗಿ, ಮಿಂಚುವ ಟೋಪಿ, ರೇಷ್ಮೆ ಅಂಚಿನ ಧೋತಿ, ಹೊಸ ಬೂಟು ಹಾಕಿಕೊಂಡು ಮಸೂರ್ ಸ್ಟೇಷನ್ನಿನಲ್ಲಿ ಇಳಿಯುತ್ತಾರೆ. ಇವರು ಬರೆದ ಕಾಗದ ತಂದೆಗೆ ಮುಟ್ಟಿಲ್ಲ, ಕರೆದೊಯ್ಯಲು ಯಾರೂ ಬಂದಿಲ್ಲ. ಮುದ್ದಾಗಿ ಕಂಡ ಮಕ್ಕಳನ್ನು ಮಾತಾಡಿಸಿದ ಸ್ಟೇಷನ್ ಮಾಸ್ತರ, ಮಹಾರರ ಮಕ್ಕಳು ಎಂದು ಗೊತ್ತಾದ ಕೂಡಲೇ ಮುಖ ಬದಲಿಸುತ್ತಾನೆ. ಯಾವ ಗಾಡಿಯವನೂ ಬರುವುದಿಲ್ಲ. ಕೊನೆಗೆ ಎರಡು ಪಟ್ಟು ಬಾಡಿಗೆ ಕೊಟ್ಟು, ಮಕ್ಕಳೇ ಗಾಡಿ ಹೊಡೆದು, ಗಾಡಿಯವನು ಪಕ್ಕದಲ್ಲಿ ನಡೆದುಕೊಂಡು ಬರುವುದು ಎಂದು ಒಪ್ಪಂದ. ಬುತ್ತಿಯಲ್ಲಿ ಊಟ ಬೇಕಾದಷ್ಟು ಇದೆ. ನೀರು ಕೊಡುವವರು ಮಾತ್ರ ದಾರಿಯುದ್ದಕ್ಕೂ ಯಾರೂ ಇಲ್ಲ.

ಈ ಮಸೂರ್ ನಮಗೆ ಗೊತ್ತಿಲ್ಲದ ಊರಲ್ಲ. ಬೆಳಗಾವಿ, ಮೀರಜ್, ಪುಣೆ ಮೇಲೆ ಮುಂಬೈಗೆ ಬರುವ ಗಾಡಿ ಕರಾಡ್ ದಾಟಿದ ಮೇಲೆ ಹಾದುಹೋಗುವ ಸ್ಟೇಷನ್ ಅದು. ಹುಬ್ಬಳ್ಳಿ, ಧಾರವಾಡದ ಕಡೆಯವರು ನಾವು ವರ್ಷಕ್ಕೆ ಎರಡು ಸಲ ಅದರ ಮುಂದೆ ನಿದ್ದೆ ಮಾಡಿಕೊಂಡು ಹೋಗುತ್ತೇವೆ. ಮುಂದಿನ ಸಲ ಊರಿಗೆ ಹೋಗುವಾಗ ಮಗನನ್ನು ಕಿಟಕಿ ಹತ್ತಿರ ಕೂರಿಸಿ, ಸ್ಟೇಷನ್ ಬಂದಾಗ ಎಬ್ಬಿಸಿ. ನೀರಿನ ಬಾಟಲಿ ಕೈಯಲ್ಲಿ ಇರಲಿ. ಭಾಷಣ ಬೇಡ.

ದೊಡ್ಡವರಿಗೆ ನಾನು ಕೊಡುವುದು ಬೇರೆ. 1918ರಲ್ಲಿ ಅವರು ಭಾರತದ ಸಣ್ಣ ಹಿಡುವಳಿಗಳ ಬಗ್ಗೆ ಒಂದು ಲೇಖನ ಬರೆದರು, ಆಗ ವಯಸ್ಸು 27. ಆ ವರ್ಷದ ಕೊನೆಗೆ ಸಿಡೆನ್‌ಹ್ಯಾಮ್ ಕಾಲೇಜಿನಲ್ಲಿ ಅರ್ಥಶಾಸ್ತ್ರದ ಪ್ರೊಫೆಸರ್ ಆದರು. ಹೊಲ ತುಂಡು ತುಂಡಾಗಿದೆ, ಅದಕ್ಕೇ ರೈತ ಬಡವ, ತುಂಡುಗಳನ್ನು ಸೇರಿಸಿದರೆ ಎಲ್ಲ ಸರಿಹೋಗುತ್ತದೆ ಎಂದು ಆಗ ದೊಡ್ಡ ದೊಡ್ಡವರೆಲ್ಲ ಹೇಳುತ್ತಿದ್ದರು. ಅಂಬೇಡ್ಕರ್ ಅದನ್ನು ತಿರುಗಿಸಿ ಹಾಕಿದರು. ಹೊಲ ಚಿಕ್ಕದೋ ದೊಡ್ಡದೋ ಎಂಬುದನ್ನು ಎಕರೆಯಲ್ಲಿ ಅಳೆಯಬೇಡಿ, ಅದರ ಮೇಲೆ ಹಾಕಲು ನಿಮ್ಮ ಹತ್ತಿರ ಎತ್ತು, ನೇಗಿಲು, ಬಂಡವಾಳ ಎಷ್ಟಿದೆ ನೋಡಿ ಅಳೆಯಿರಿ. ಅಸಲಿ ರೋಗ ಏನೆಂದರೆ ಭೂಮಿಯ ಮೇಲೆ ಬೇಕಾದ್ದಕ್ಕಿಂತ ಜಾಸ್ತಿ ಜನ ಬಿದ್ದಿದ್ದಾರೆ, ಬೇರೆ ಕೆಲಸ ಇಲ್ಲ. ಆದ್ದರಿಂದ ಹೊಲದ ರೋಗಕ್ಕೆ ಮದ್ದು ಹೊಲದಲ್ಲಿ ಇಲ್ಲ, ಕಾರ್ಖಾನೆಯಲ್ಲಿದೆ.

ಇದನ್ನು ಒಮ್ಮೆ ನಮ್ಮವರ ನಡುವೆ ಓದಿದಾಗ ಏನಾಯಿತು ಹೇಳುತ್ತೇನೆ. ಐದು ನಿಮಿಷದಲ್ಲಿ ಅಂಬೇಡ್ಕರ್ ಬಿಟ್ಟು ಎಲ್ಲರೂ ತಮ್ಮ ತಮ್ಮ ಊರಿನ ಪಾಲಿನ ಕಥೆಗೆ ಬಂದರು. ಅಜ್ಜನಿಗೆ ಹನ್ನೆರಡು ಎಕರೆ, ಅಪ್ಪನಿಗೆ ಮೂರು, ನನಗೆ ಒಂದು ಗದ್ದೆ ಅಂಚು, ಅದಕ್ಕೇ ಹದಿನಾಲ್ಕನೇ ವಯಸ್ಸಿಗೆ ಬಸ್ ಹತ್ತಿ ಬಂದು ಹೋಟೆಲಿನಲ್ಲಿ ಕಪ್ಪು ತೊಳೆದೆ. ಮುಂಬೈ ಕನ್ನಡಿಗನ ಅರ್ಧ ಚರಿತ್ರೆ ಆ ಲೇಖನದಲ್ಲೇ ಇದೆ. ಅದನ್ನು ಓದಿದ ಮೇಲೆ "ನಮಗ್ಯಾಕೆ" ಎನ್ನುವವರು ಸ್ವಲ್ಪ ಹೊತ್ತು ಸುಮ್ಮನಾಗುತ್ತಾರೆ.

ಆ ಮಾತಿಗೇ ಬರೋಣ, ನೀವು ಅದನ್ನು ಮೆಲ್ಲಗೆ ಬರೆದಿದ್ದೀರಿ, ಆದರೆ ನಿಜವಾದ ಪ್ರಶ್ನೆ ಅದೇ. ಮುಂಬೈಯಲ್ಲಿ ನಾವು ಕನ್ನಡ ಸಂಘ ಕಟ್ಟಿದೆವು, ಅದಕ್ಕಿಂತ ಜಾಸ್ತಿ ಜಾತಿ ಸಂಘ ಕಟ್ಟಿದೆವು. ಜಾತಿ ಸಂಘಗಳು ಶಾಲೆ, ಬ್ಯಾಂಕು, ಹಾಸ್ಟೆಲ್ ಎಲ್ಲ ಮಾಡಿವೆ, ಅದನ್ನು ತೆಗೆದುಹಾಕುವುದಿಲ್ಲ. ಆದರೆ ವಿಜಯಪುರ, ಕಲಬುರಗಿ ಕಡೆಯಿಂದ ಬಂದು ಕಟ್ಟಡದ ಕೆಲಸ ಮಾಡುವ ದಲಿತ ಕನ್ನಡಿಗರು ನಿಮ್ಮ ಸಂಘದ ಸದಸ್ಯರ ಪಟ್ಟಿಯಲ್ಲಿ ಎಷ್ಟು ಜನ ಇದ್ದಾರೆ? ಪಟ್ಟಿ ತೆಗೆದು ನೋಡಿ. ನಾನು ಹಿಂದೆ ಇದ್ದ ಒಂದು ಸಂಘದಲ್ಲಿ ಈ ಮಾತು ಎತ್ತಿದಾಗ ಚರ್ಚೆ ಚಹಾಕ್ಕೆ ತಿರುಗಿತು, ಮತ್ತೆ ಹಿಂದಿರುಗಲೇ ಇಲ್ಲ. ಅತಿಥಿಯನ್ನು ಹುಡುಕುವ ಮೊದಲು ಆ ಜನರನ್ನು ಕರೆಯಿರಿ, ವೇದಿಕೆ ಕೆಳಗೆ ಕೂರಿಸಲು ಅಲ್ಲ, ಓದುವ ಗುಂಪಿಗೆ.

ಇನ್ನು ಕನ್ನಡದ ಸಂಬಂಧ. ಬೆಳಗಾವಿ, ಧಾರವಾಡ, ವಿಜಯಪುರ, ಉತ್ತರ ಕನ್ನಡ ಜಿಲ್ಲೆಗಳು ಆಗ ಮುಂಬೈ ಪ್ರಾಂತಕ್ಕೇ ಸೇರಿದ್ದವು, 1956ರವರೆಗೂ ನಮ್ಮ ರಾಜಧಾನಿ ಇದೇ ಊರು. ಆದ್ದರಿಂದ ಮುಂಬೈ ವಿಧಾನ ಪರಿಷತ್ತಿನಲ್ಲಿ ಅಂಬೇಡ್ಕರ್ ಆಡಿದ ಮಾತು ನಮ್ಮ ಅಜ್ಜಂದಿರಿಗೂ ಅನ್ವಯಿಸುತ್ತಿತ್ತು. 1924ರಲ್ಲಿ ಪರೇಲ್‌ನಲ್ಲಿ ದಲಿತರ ಏಳಿಗೆಗಾಗಿ ಅವರು ಕಟ್ಟಿದ ಬಹಿಷ್ಕೃತ ಹಿತಕಾರಿಣಿ ಸಭಾ ಹುಟ್ಟಿತು, ಮರುವರ್ಷ ಏಪ್ರಿಲ್‌ನಲ್ಲೇ ಅವರು ನಿಪ್ಪಾಣಿಯ ಸಮ್ಮೇಳನದಲ್ಲಿದ್ದರು. ದಲಿತ ಹುಡುಗರು ಓದಲಿ ಎಂದು ಧಾರವಾಡದಲ್ಲಿ ಹಾಸ್ಟೆಲ್ ನಡೆಸಿದರು. ಮಹಿಳಾ ವಿಭಾಗದವರಿಗೆ 1928ರ ಜುಲೈ 28ರ ಭಾಷಣ ಕೊಡಿ. ಕಾರ್ಖಾನೆಯ ಹೆಂಗಸರಿಗೆ ಹೆರಿಗೆ ಸಮಯದಲ್ಲಿ ಸಂಬಳ ಸಮೇತ ವಿಶ್ರಾಂತಿ ಬೇಕೋ ಬೇಡವೋ ಎಂಬ ಮಸೂದೆಯ ಮೇಲೆ ಪರಿಷತ್ತಿನಲ್ಲಿ ಆಡಿದ ಮಾತು ಅದು. ತಾಯಿಗೆ ವಿಶ್ರಾಂತಿ ಸಿಗುವುದು ದೇಶಕ್ಕೇ ಒಳ್ಳೆಯದು, ಹಾಗಾಗಿ ಅದರ ಖರ್ಚಿನ ಹೆಚ್ಚಿನ ಪಾಲು ಸರ್ಕಾರವೇ ಹೊರಬೇಕು, ಆದರೆ ಹೆಂಗಸರ ಕೆಲಸದಿಂದ ಲಾಭ ಮಾಡುವ ಮಾಲೀಕನೂ ಕೈ ತೊಳೆದುಕೊಳ್ಳುವ ಹಾಗಿಲ್ಲ ಎಂದು ವಾದಿಸಿದರು. ಮರುವರ್ಷ ಕಾನೂನು ಬಂತು.

ಇನ್ನೊಂದು ಸಂಬಂಧ ನಾನು ಕಣ್ಣಾರೆ ಕಂಡದ್ದು. 1945ರಲ್ಲಿ ಅವರು ಪೀಪಲ್ಸ್ ಎಜುಕೇಶನ್ ಸೊಸೈಟಿ ಕಟ್ಟಿದರು, 1946ರ ಜೂನ್ 20ಕ್ಕೆ ಸಿದ್ಧಾರ್ಥ ಕಾಲೇಜು ಶುರುವಾಯಿತು, ಅದು ಈಗಲೂ ಫೋರ್ಟ್‌ನಲ್ಲಿದೆ. ಕೆಲಸಕ್ಕೆ ಹೋಗುವ ಹುಡುಗರಿಗೂ ಡಿಗ್ರಿ ಸಿಗಲಿ ಎಂದು ಅಲ್ಲಿ ಬೆಳಗಿನ ಹೊತ್ತು ತರಗತಿ ಇಟ್ಟರು. ನಮ್ಮ ಹೋಟೆಲ್ ಹುಡುಗರು ಕನ್ನಡ ರಾತ್ರಿ ಶಾಲೆಯಲ್ಲಿ ಮೆಟ್ರಿಕ್ ಮುಗಿಸಿ ಎಲ್ಲಿಗೆ ಹೋಗಬೇಕಿತ್ತು? ಹಗಲು ಕಾಲೇಜಿಗೆ ಹೋದರೆ ಹೊಟ್ಟೆಗಿಲ್ಲ. ನಮ್ಮ ಊರಿನ ಒಬ್ಬರು ರಾತ್ರಿ ಕ್ಯಾಂಟೀನ್ ಮುಚ್ಚಿ ಅಲ್ಲೇ ಮಲಗಿ ಬೆಳಿಗ್ಗೆ ಇದೇ ಕಾಲೇಜಿಗೆ ಹೋಗಿ ಬಿ.ಎ. ಮಾಡಿದರು, ಆಮೇಲೆ ಕಾನೂನು ಓದಿ ವಕೀಲರಾದರು. ಅವರ ಆಫೀಸಿನ ಗೋಡೆಯ ಮೇಲೆ ಮನೆದೇವರ ಪಕ್ಕದಲ್ಲಿ ಅಂಬೇಡ್ಕರ್ ಫೋಟೋ ಇತ್ತು. ಯಾರೋ ಕೇಳಿದ್ದಕ್ಕೆ "ಇವರು ನನ್ನ ಕಾಲೇಜಿನ ಮಾಲೀಕರು" ಎಂದಿದ್ದರು! ಡೊಂಬಿವಲಿ, ಠಾಣೆ ಕಡೆ ಅಂಥ ಹಿರಿಯರು ಈಗಲೂ ಸಿಗುತ್ತಾರೆ. ಅವರ ಮಾತನ್ನು ಫೋನಿನಲ್ಲಿ ರೆಕಾರ್ಡ್ ಮಾಡಿ, ಹೆಸರು, ವರ್ಷ ಬರೆದಿಡಿ. ವಯಸ್ಸಾಗಿದೆ, ಮುಂದಿನ ಏಪ್ರಿಲ್‌ವರೆಗೆ ಕಾಯಬೇಡಿ.

ನಿಮ್ಮ ಮಕ್ಕಳಿಗೆ ಬೆಂಗಳೂರಿನ ಮಕ್ಕಳಿಗಿಲ್ಲದ ಒಂದು ಅನುಕೂಲ ಇದೆ, ಅದನ್ನು ಯಾರೂ ಲೆಕ್ಕಕ್ಕೇ ಹಿಡಿಯುವುದಿಲ್ಲ. ಅವರಿಗೆ ಮರಾಠಿ ಓದಲು ಬರುತ್ತದೆ. ಅಂಬೇಡ್ಕರ್ 1920ರ ಜನವರಿ 31ಕ್ಕೆ ಶುರು ಮಾಡಿದ 'ಮೂಕನಾಯಕ' ಮರಾಠಿ ಪತ್ರಿಕೆ, ಅದರ ತಲೆಬರಹದ ಕೆಳಗೆ ಇದ್ದದ್ದು ತುಕಾರಾಮರ ಅಭಂಗ. ಮೊದಲ ಸಂಚಿಕೆಯಲ್ಲೇ ಒಂದು ಹೋಲಿಕೆ ಬರುತ್ತದೆ. ಹಿಂದೂ ಸಮಾಜ ಒಂದು ಗೋಪುರ, ಒಂದೊಂದು ಜಾತಿ ಒಂದೊಂದು ಮಹಡಿ, ಆದರೆ ಮೆಟ್ಟಿಲೇ ಇಲ್ಲ, ಯಾವ ಮಹಡಿಯಲ್ಲಿ ಹುಟ್ಟಿದೆಯೋ ಅಲ್ಲೇ ಸಾಯಬೇಕು. ಲಿಫ್ಟ್ ಕೆಟ್ಟರೆ ಗೊಣಗುವ ನಮ್ಮ ಬಿಲ್ಡಿಂಗ್ ಮಕ್ಕಳಿಗೆ ಇದನ್ನು ವಿವರಿಸಬೇಕಾಗಿಲ್ಲ. ಅವರು ಮರಾಠಿಯಲ್ಲಿ ಓದಲಿ, ಅಜ್ಜ ಅಜ್ಜಿಗೆ ಕನ್ನಡದಲ್ಲಿ ಹೇಳಲಿ. ಕನ್ನಡ ತಪ್ಪಾದರೆ ಅಜ್ಜಿ ತಿದ್ದುತ್ತಾಳೆ, ಅದು ನಿಮ್ಮ ಸಂಘದ ಕನ್ನಡ ಕ್ಲಾಸಿಗಿಂತ ಚೆನ್ನಾಗಿ ನಡೆಯುತ್ತದೆ.

ವಾಟ್ಸಾಪ್‌ನಲ್ಲಿ ಬರುವ ಅಂಬೇಡ್ಕರ್ ವಚನಗಳ ಬಗ್ಗೆ ಒಂದು ಮಾತು. ಯಾವ ಭಾಷಣ, ಯಾವ ಊರು, ಯಾವ ದಿನ ಎಂದು ಇಲ್ಲದಿದ್ದರೆ ಬ್ಯಾನರ್ ಮೇಲೆ ಹಾಕಬೇಡಿ. ಸರಿಯಾದ ವಚನವೂ ಬಾಯಿಂದ ಬಾಯಿಗೆ ಹೋಗಿ ಬದಲಾಗುತ್ತದೆ. ನಾವೆಲ್ಲ "ಶಿಕ್ಷಣ, ಸಂಘಟನೆ, ಹೋರಾಟ" ಎನ್ನುತ್ತೇವಲ್ಲ, 1942ರ ಜುಲೈನಲ್ಲಿ ನಾಗಪುರದ ಸಮ್ಮೇಳನದಲ್ಲಿ ಅವರು ಇಂಗ್ಲಿಷಿನಲ್ಲಿ ಹೇಳಿದ ಕ್ರಮ ಬೇರೆ: ಎಜುಕೇಟ್, ಆಜಿಟೇಟ್, ಆರ್ಗನೈಜ್. ಮೊದಲು ಕಲಿ, ಆಮೇಲೆ ಕೆರಳು, ಕೆರಳಿದವರು ಒಂದಾಗಿ. ನಮ್ಮ ಕ್ರಮದಲ್ಲಿ ಮೊದಲು ಸಂಘ, ಆಮೇಲೆ ಜಗಳ. ಸುಮ್ನೆ ಶಬ್ದ ಹಿಂದೆ ಮುಂದೆ ಆಯಿತು ಎನ್ನಬಹುದು, ಆದರೆ ಮಕ್ಕಳಿಗೆ ಇದನ್ನೇ ಚರ್ಚೆಗೆ ಕೊಟ್ಟು ನೋಡಿ, ಒಂದು ಗಂಟೆ ಸಾಲುವುದಿಲ್ಲ.

ಜಗಳಕ್ಕೆ ಹೆದರದಿದ್ದರೆ ಭಾಷಾವಾರು ರಾಜ್ಯಗಳ ಬಗ್ಗೆ ಅವರು 1955ರಲ್ಲಿ ಬರೆದದ್ದನ್ನು ಓದಿ. 1948ರಲ್ಲಿ ಮುಂಬೈ ಮಹಾರಾಷ್ಟ್ರಕ್ಕೇ ಸೇರಬೇಕು ಎಂದು ವಾದಿಸಿದವರು 1955ರಲ್ಲಿ ಮುಂಬೈಯನ್ನು ಬೇರೆ ನಗರ ರಾಜ್ಯ ಮಾಡಿ, ಮಹಾರಾಷ್ಟ್ರವನ್ನೂ ಭಾಗ ಮಾಡಿ ಎಂದರು. ಒಂದು ಭಾಷೆಯ ರಾಜ್ಯದಲ್ಲಿ ಒಂದೇ ದೊಡ್ಡ ಜಾತಿ ಎಲ್ಲರ ಮೇಲೆ ಕೂರುವ ಅಪಾಯದ ಬಗ್ಗೆ ಅವರು ಬರೆದದ್ದು ಕರ್ನಾಟಕಕ್ಕೂ ನೇರ ತಾಗುತ್ತದೆ. ನನಗೆ ಅವರ ಎಲ್ಲ ವಾದ ಒಪ್ಪಿಗೆ ಇಲ್ಲ. ಮರಾಠಿ ಗೆಳೆಯರಿಗೂ ಒಪ್ಪಿಗೆ ಆಗುವುದಿಲ್ಲ. ಒಬ್ಬರನ್ನು ಓದುವುದು ಅಂದರೆ ಅವರು ಮನಸ್ಸು ಬದಲಿಸಿದ ಜಾಗವನ್ನೂ ಓದುವುದು, ಯಾಕೆ ಬದಲಿಸಿದರು ಎಂದು ಕೇಳುವುದು. 1943ರಲ್ಲಿ ರಾನಡೆಯವರಿಗೆ ಅವರು ಮಾಡಿದ್ದೂ ಅದನ್ನೇ ತಾನೇ?

ಕಾರ್ಯಕ್ರಮವನ್ನು ನಾನಾಗಿದ್ದರೆ ಹೀಗೆ ಮಾಡುತ್ತಿದ್ದೆ. ಏಪ್ರಿಲ್ 14ರ ಹಿಂದಿನ ಮೂರು ಭಾನುವಾರ, ಹತ್ತು ಹನ್ನೆರಡು ಜನ, ಒಂದೊಂದು ಸಲ ಒಂದೊಂದು ಬರಹ, ಒಬ್ಬರು ಗಟ್ಟಿಯಾಗಿ ಓದುವುದು. ನಾಲ್ಕನೆಯ ದಿನ ಜಯಂತಿ. ಅತಿಥಿ ಭಾಷಣದ ಬದಲು ಓದಿದವರೇ ಐದೈದು ನಿಮಿಷ ಮಾತಾಡಲಿ, ಒಪ್ಪಿದ್ದು ಒಂದು, ಒಪ್ಪದ್ದು ಒಂದು. ಹಾರ, ಉಪ್ಪಿಟ್ಟು, ಶಿರಾ ಇರಲಿ.

ಬೇರೆ ಯಾವುದಾದರೂ ಭಾನುವಾರ ಫಾಸ್ಟ್ ಲೋಕಲ್ ಹಿಡಿದು ದಾದರ್‌ಗೆ ಬನ್ನಿ. ಪೂರ್ವದ ಹಿಂದೂ ಕಾಲೋನಿಯಲ್ಲಿ ರಾಜಗೃಹ ಇದೆ, 1930ರ ದಶಕದಲ್ಲಿ ಅವರು ಪುಸ್ತಕಗಳಿಗೆ ಜಾಗ ಬೇಕೆಂದೇ ಕಟ್ಟಿಸಿದ ಮನೆ. ನಮ್ಮವರ ಮಾಟುಂಗಾದಿಂದ ನಡೆದು ಹೋಗುವಷ್ಟು ಹತ್ತಿರ, ಆದರೂ ಮೈಸೂರ್ ಅಸೋಸಿಯೇಷನ್‌ನಲ್ಲಿ ನಾಟಕ ನೋಡಿ ಬರುವ ಎಷ್ಟು ಜನ ಅದನ್ನು ನೋಡಿದ್ದಾರೋ! ನೆಲಮಹಡಿಯಲ್ಲಿ ಅವರ ವಸ್ತುಗಳನ್ನು ಇಟ್ಟಿದ್ದಾರೆ. ಅದಕ್ಕೂ ಮೊದಲು ಅವರು ಸುಮಾರು ಎರಡು ದಶಕ ಇದ್ದದ್ದು ಪರೇಲ್‌ನ ಬಿಐಟಿ (ಬಾಂಬೆ ಇಂಪ್ರೂವ್‌ಮೆಂಟ್ ಟ್ರಸ್ಟ್) ಚಾಳಿನ ಎರಡು ಕೋಣೆಗಳಲ್ಲಿ. ಕೊಲಂಬಿಯಾ, ಲಂಡನ್ ಎಲ್ಲ ಮುಗಿಸಿ ಬಂದ ಮೇಲೂ ಅಲ್ಲೇ. ಅದು ಸಂಸಾರಗಳು ಇರುವ ಚಾಳು, ನಲವತ್ತು ಜನ ಗುಂಪಾಗಿ ಹೋಗಿ ಸೆಲ್ಫಿ ತೆಗೆಯಬೇಡಿ, ಇಬ್ಬರು ಮೂವರು ಹೋಗಿ ನೋಡಿ ಬನ್ನಿ. ಕಾಲೇಜು ಓದುವ ಮಕ್ಕಳಿದ್ದರೆ ಕಾಲಾ ಘೋಡಾದ ಎಲ್ಫಿನ್‌ಸ್ಟನ್ ಕಾಲೇಜು ತೋರಿಸಿ, 1912ರಲ್ಲಿ ಬಿ.ಎ. ಮಾಡುವಾಗ ಅಂಬೇಡ್ಕರ್ ಅಲ್ಲಿಯ ವಿದ್ಯಾರ್ಥಿ. ಆ ಕಟ್ಟಡದಲ್ಲೇ ರಾಜ್ಯದ ಪತ್ರಾಗಾರ ಇದೆ, ನಮ್ಮ ನಾಲ್ಕು ಜಿಲ್ಲೆಗಳ ಹಳೆಯ ಸರ್ಕಾರಿ ಕಾಗದವೂ ಅಲ್ಲಿದೆ.

ಡಿಸೆಂಬರ್ 6ಕ್ಕೆ ಹೋಗುವುದಾದರೆ ಖಾಲಿ ಚೀಲ ಒಯ್ಯಿರಿ, ಚಿಲ್ಲರೆ ಇಟ್ಟುಕೊಳ್ಳಿ. ದರ್ಶನದ ಸಾಲು ಉದ್ದ ಇದ್ದರೆ ಮೊದಲು ಶಿವಾಜಿ ಪಾರ್ಕಿನ ಅಂಗಡಿಗಳಿಗೆ ಹೋಗಿ. ಕನ್ನಡ ಪುಸ್ತಕ ಕೇಳಿ ನೋಡಿ, ಸಿಗದಿದ್ದರೂ ಕೇಳಿ, ನಾಲ್ಕು ಜನ ಕೇಳಿದರೆ ಮುಂದಿನ ವರ್ಷ ಯಾರಾದರೂ ತರುತ್ತಾರೆ.